ಪಾರ್ತಿಸುಬ್ಬನ ರಾಮಾಯಣ ಮಹಾಕಾವ್ಯ ಅಲ್ವಾ? ಮಗಳ ಪುಟಕ್ಕೆ ಕೆಂಪು ಗೀಟು ಬಿತ್ತು

ನೀರ್ಚಾಲು ತೋಟ
ಎಲ್ಲರಿಗೂ ನಮಸ್ಕಾರ. ಸ್ವಲ್ಪ ಉದ್ದ ಆಗ್ತದೆ, ಪುರುಸೊತ್ತಿದ್ದವರು ಓದಿ. ಮಗಳು ಡಿಗ್ರಿ ಎರಡನೇ ವರ್ಷ, ಕನ್ನಡ ತಗೊಂಡಿದ್ದಾಳೆ. "ಕನ್ನಡದ ಮಹಾಕಾವ್ಯಗಳು" ಅಂತ ಅಸೈನ್‌ಮೆಂಟ್ ಇತ್ತು. ಪಂಪ, ರನ್ನ, ಕುಮಾರವ್ಯಾಸ, ತೊರವೆ, ಲಕ್ಷ್ಮೀಶ, ಕುವೆಂಪು ಎಲ್ಲ ಬರೆದು ಕೊನೆಗೆ ಒಂದು ಪುಟ ನಮ್ಮ ಕಾಸರಗೋಡು ಕುಂಬ್ಳೆಯ ಯಕ್ಷಗಾನ ಕವಿ ಪಾರ್ತಿಸುಬ್ಬನ ರಾಮಾಯಣ ಪ್ರಸಂಗಗಳ (ಆಟಕ್ಕೆ ಬರೆದ ಪದ್ಯಕಥೆಗಳ) ಬಗ್ಗೆ ಬರೆದಿದ್ಳು. ಆ ಪುಟಕ್ಕೆ ಮಾತ್ರ ಮೇಲಿಂದ ಕೆಳಗೆ ಕೆಂಪು ಗೀಟು. ಬದಿಯಲ್ಲಿ "ಇದು ಆಟದ ಪದ್ಯ, ಕಾವ್ಯ ಅಲ್ಲ" ಅಂತ. ಆಟ ಅಂದ್ರೆ ಯಕ್ಷಗಾನ. ಮಾರ್ಕು ಹೋದದ್ದಕ್ಕೆ ನನಗೆ ಬೇಜಾರಿಲ್ಲ. ಆದರೆ ನಮ್ಮಮ್ಮ, ಅಂದ್ರೆ ಅವಳ ಅಜ್ಜಿ, ಆಟಿ ತಿಂಗಳಲ್ಲಿ (ಜೋರು ಮಳೆಯ ತುಳು ತಿಂಗಳು) ಚಾವಡಿಯಲ್ಲಿ ದೀಪ ಇಟ್ಟು ತೊರವೆ ರಾಮಾಯಣ ಓದುವವರು, ಅವರಿಗೇ ಪಂಚವಟಿ ಪ್ರಸಂಗದ ಪದ್ಯ ಅರ್ಧಕ್ಕರ್ಧ ಬಾಯಿಪಾಠ. ಅವರಿಗೆ ಈ ಎರಡರ ಮಧ್ಯೆ ಒಂದು ಕಾವ್ಯ ಒಂದು ಕಾವ್ಯ ಅಲ್ಲ ಅಂತ ಭೇದವೇ ಗೊತ್ತಿಲ್ಲ. ಗೊತ್ತಿದ್ದವರು ಹೇಳಿ ಮಾರಾಯ್ರೆ, ಮಹಾಕಾವ್ಯ ಅಂತ ಆಗ್ಲಿಕ್ಕೆ ಎಂತೆಲ್ಲ ಬೇಕು? ಯಾರು ಸರ್ಟಿಫಿಕೇಟ್ ಕೊಡುವುದು?

ಹೊಸಂಗಡಿ ಹುಡುಗ
ಪುಟ ಜಾಸ್ತಿ ಇದ್ರೆ ಮಹಾಕಾವ್ಯ, ಕಮ್ಮಿ ಇದ್ರೆ ಕಾವ್ಯ, ರಾತ್ರಿ ನಿದ್ದೆ ಕೆಡಿಸಿದ್ರೆ ಆಟ 😄

ರಿಟೈರ್ಡ್ ಮಾಷ್ಟ್ರು
ತಮಾಷೆ ಇರಲಿ, ಉತ್ತರ ಹೇಳ್ತೇನೆ. ಆ ಗೀಟು ಎಳೆದವರ ತಲೆಯಲ್ಲಿ ಇದ್ದದ್ದು ಸಂಸ್ಕೃತದ ದಂಡಿಯ ಕಾವ್ಯಾದರ್ಶದ ಲಕ್ಷಣ ಇರಬೇಕು. ಸರ್ಗಗಳಾಗಿ ಭಾಗ ಆಗಿರಬೇಕು, ಇತಿಹಾಸದ ಅಥವಾ ಒಳ್ಳೆ ಕಥೆಯ ವಸ್ತು ಇರಬೇಕು, ನಾಯಕ ಉದಾತ್ತನಾಗಿರಬೇಕು, ಪಟ್ಟಣ, ಸಮುದ್ರ, ಬೆಟ್ಟ, ಋತು, ಚಂದ್ರೋದಯ, ಸೂರ್ಯೋದಯ, ಜಲಕ್ರೀಡೆ, ಮದುವೆ, ದೂತ, ಪ್ರಯಾಣ, ಯುದ್ಧ ಎಲ್ಲ ವರ್ಣನೆ ಬರಬೇಕು. ನಮ್ಮಲ್ಲಿ ಅದನ್ನೇ ಹದಿನೆಂಟು ವರ್ಣನೆ, ಅಷ್ಟಾದಶ ವರ್ಣನೆ ಅಂತ ಮಾಡಿಟ್ಟುಕೊಂಡ್ರು. ಸುಮಾರು 850ರ ಕವಿರಾಜಮಾರ್ಗ ನಡೆದದ್ದೂ ದಂಡಿಯ ದಾರಿಯಲ್ಲೇ. ನಾನು ಮೂವತ್ತು ವರ್ಷ ಇದನ್ನೇ ಬೋರ್ಡಿನಲ್ಲಿ ಬರೆದು ಮಕ್ಕಳ ಕೈಲಿ ಬಾಯಿಪಾಠ ಮಾಡಿಸಿದವ. ಆದರೆ ಒಂದು ವಿಷಯ ನಾನೂ ಬೋರ್ಡಿನಲ್ಲಿ ಬರೀಲಿಲ್ಲ. ಅದೇ ದಂಡಿ ಆ ಪಟ್ಟಿ ಮುಗಿಸಿ ಮರುಕ್ಷಣವೇ ಹೇಳ್ತಾನೆ, ಇದರಲ್ಲಿ ಕೆಲವು ಅಂಗ ಕಮ್ಮಿ ಆದ್ರೂ ಉಳಿದದ್ದು ರಸಿಕರಿಗೆ ಹಿಡಿಸುವ ಹಾಗಿದ್ರೆ ಕಾವ್ಯಕ್ಕೆ ದೋಷ ಇಲ್ಲ ಅಂತ. ಪಟ್ಟಿ ಎಲ್ಲರಿಗೂ ನೆನಪುಂಟು, ಈ ಮಾತು ಯಾರಿಗೂ ನೆನಪಿಲ್ಲ.

ಪೆರ್ಲದಣ್ಣ
ಮಾಷ್ಟ್ರೆ ಸರಿಯಾಗಿ ಹೇಳಿದ್ರಿ. ಆ ಪಟ್ಟಿ ಹಿಡ್ಕೊಂಡು ಕೂತ್ರೆ ಕುಮಾರವ್ಯಾಸನೇ ಫೇಲು. ಹದಿನೆಂಟು ಪರ್ವದಲ್ಲಿ ಹತ್ತೇ ಬರೆದು ಗದಾಪರ್ವಕ್ಕೆ ಕೈತೊಳೆದ ಅಲ್ವಾ, ಉಳಿದದ್ದನ್ನು ಆಮೇಲೆ ಕೃಷ್ಣದೇವರಾಯನ ಕಾಲದಲ್ಲಿ ತಿಮ್ಮಣ್ಣ ಕವಿ ಮುಗಿಸಿದ್ದು. ಅರ್ಧ ಬಿಟ್ಟವ ಮಹಾಕವಿ. ಮುಗಿಸಿದವನ ಹೆಸರು ಇಲ್ಲಿ ಎಷ್ಟು ಜನರಿಗೆ ಗೊತ್ತುಂಟು, ಕೈ ಎತ್ತಿ.

ಹೊಸಂಗಡಿ ಹುಡುಗ
ಈಗ ಗೊತ್ತಾಯ್ತು

ಛಂದಸ್ಸಿನ ಹುಚ್ಚ
ನಾನು ಸ್ವಲ್ಪ ಎದುರು ಹೇಳ್ತೇನೆ, ಬೈಬೇಡಿ. ಗೀಟು ಎಳೆದದ್ದು ತಪ್ಪು. ಆದರೆ ಕಾರಣವೇ ಇಲ್ಲ ಅಂತಲ್ಲ. ಕಾವ್ಯ ಅಂದ್ರೆ ಓದುವಾಗ ತನ್ನಷ್ಟಕ್ಕೆ ನಿಲ್ಲಬೇಕು. ಪ್ರಸಂಗ ಪುಸ್ತಕ ತೆಗೆದು ಓದಿ ನೋಡಿ, ಒಂದು ಭಾಮಿನಿ ಷಟ್ಪದಿ, ಎರಡು ಪದ, ಒಂದು ದ್ವಿಪದಿ, ಮತ್ತೆ ಒಂದು ವಾರ್ಧಕ, ನಡುನಡುವೆ ರಾಗ ಇಂಥದ್ದು ತಾಳ ಇಂಥದ್ದು ಅಂತ. ಅರ್ಧ ಕಥೆ ಪುಸ್ತಕದಲ್ಲಿ ಇಲ್ಲವೇ ಇಲ್ಲ, ಅದು ಅರ್ಥಧಾರಿಯ, ಅಂದ್ರೆ ಪದ್ಯಕ್ಕೆ ಅಲ್ಲೇ ಮಾತು ಕಟ್ಟಿ ಹೇಳುವವನ, ಬಾಯಲ್ಲಿ ಉಂಟು. ಹಾಗಾದ್ರೆ ಕವಿ ಯಾರು? ಸುಬ್ಬನಾ, ಆವತ್ತು ವಾಲಿ ಹೇಳಿದವನಾ?

ಕುಂಬ್ಳೆ ಕೋಟೆ
ಛಂದಸ್ಸಣ್ಣ, ದೊಡ್ಡ ಅರ್ಥಧಾರಿ ಶೇಣಿಯವರ ವಾಲಿ ಕೇಳಿದವರ ಹತ್ರ ಹೋಗಿ ಈ ಪ್ರಶ್ನೆ ಕೇಳಿ. ರಾಮನ ಬಾಣ ತಾಗಿ ಬಿದ್ದ ವಾಲಿ ಒಂದು ಗಂಟೆ ಮಾತಾಡಿದ್ರೆ ಎದುರು ಕೂತವರಿಗೆ ರಾಮನೇ ಅಪರಾಧಿ ಅಂತ ಕಾಣ್ತಿತ್ತು. ಪದ್ಯ ನಾಲ್ಕು ಸಾಲು. ಆದರೆ ಆ ನಾಲ್ಕು ಸಾಲಲ್ಲಿ ಅಷ್ಟು ಜಾಗ ಬಿಟ್ಟವ ಸುಬ್ಬನೇ ಅಲ್ವಾ?

ಮಂಜೇಶ್ವರದವ (ಈಗ ಬೆಂಗ್ಳೂರು)
ಮೊದಲು ಸುಬ್ಬ ಯಾರು ಅಂತ ತೀರ್ಮಾನ ಆಗಲಿ. ನಮ್ಮೂರಿನವ ಅಂತ ನಾವು ಎದೆ ತಟ್ಟಿಕೊಳ್ತೇವೆ, ಶಿವರಾಮ ಕಾರಂತರು ಒಪ್ಪಲೇ ಇಲ್ಲ. ಈ ರಾಮಾಯಣ ಪ್ರಸಂಗಗಳು ಅಜಪುರದ ಕವಿಯವು ಅಂದ್ರು, ಅಜಪುರ ಅಂದ್ರೆ ಬ್ರಹ್ಮಾವರ. ವಿದ್ವಾಂಸ ಕುಕ್ಕಿಲ ಕೃಷ್ಣ ಭಟ್ರು "ಅಲ್ಲ, ಕುಂಬ್ಳೆಯವನೇ" ಅಂತ ಪಟ್ಟು ಹಿಡಿದು ಕೂತರು. ಮುಳಿಯ ತಿಮ್ಮಪ್ಪಯ್ಯನವರು ಅದಕ್ಕೂ ಮೊದಲೇ ಸುಬ್ಬನ ಮೇಲೆ ಬರೆದಿದ್ದರು.

ಕುಂಬ್ಳೆ ಕೋಟೆ
ಕಣ್ವಪುರದ, ಅಂದ್ರೆ ನಮ್ಮ ಕುಂಬ್ಳೆಯ, ಕೃಷ್ಣನ ಅಂಕಿತ ಉಂಟಲ್ಲ ಸ್ವಾಮಿ! ಕಣಿಪುರದ ಗೋಪಾಲಕೃಷ್ಣ ದೇವಸ್ಥಾನ ಬ್ರಹ್ಮಾವರಕ್ಕೆ ಯಾವಾಗ ಶಿಫ್ಟ್ ಆಯ್ತು?

ಮಂಜೇಶ್ವರದವ (ಈಗ ಬೆಂಗ್ಳೂರು)
ಅಣ್ಣ ಕೋಪ ಮಾಡ್ಬೇಡಿ, ನಾನೂ ನಿಮ್ಮ ಕಡೆಯವನೇ. ನನಗೆ ಕುಕ್ಕಿಲದವರ ವಾದದಲ್ಲಿ ಹಿಡಿಸಿದ್ದು ಅಂಕಿತ ಅಲ್ಲ, ಬೇರೆ. ಅವರು ಸುಬ್ಬನ ಪದ್ಯವನ್ನು ಕೇರಳದ ಕೊಟ್ಟಾರಕ್ಕರ ತಂಬುರಾನರ ರಾಮನಾಟ್ಟದ ಪಕ್ಕದಲ್ಲಿ ಇಟ್ಟು ತೋರಿಸಿದ್ರು. ಕಥಕಳಿ ಹುಟ್ಟಿದ್ದೇ ಆ ರಾಮನಾಟ್ಟದಿಂದ. ಅವರು ರಾಮಾಯಣವನ್ನು ಎಂಟು ದಿನದ ಎಂಟು ಕಥೆ ಮಾಡಿದ್ದಾರೆ, ಪುತ್ರಕಾಮೇಷ್ಟಿಯಿಂದ ಹಿಡಿದು ಯುದ್ಧದವರೆಗೆ. ನಮ್ಮಲ್ಲೂ ಪುತ್ರಕಾಮೇಷ್ಟಿಯಿಂದಲೇ ಶುರು, ಕಥೆ ತುಂಡು ಮಾಡಿದ ರೀತಿಯೂ ಬಹಳ ಕಡೆ ಹಾಗೇ. ಎರಡೂ ಭಾಷೆ ಬರುವ ಗಡಿಯವನಿಗಲ್ಲದೆ ಯಾರಿಗೆ ಅದು ಕೈಗೆ ಸಿಗ್ತದೆ? ಬ್ರಹ್ಮಾವರದಲ್ಲಿ ಕೂತವನಿಗೆ ಕೊಟ್ಟಾರಕ್ಕರ ಎಲ್ಲಿ, ಇವ ಎಲ್ಲಿ. ನನಗೆ ಇದೇ ದೊಡ್ಡ ಸಾಕ್ಷಿ ಅಂತ ಕಾಣ್ತದೆ, ಬೇರೆಯವರು ಒಪ್ಪದಿದ್ರೂ ತೊಂದರೆ ಇಲ್ಲ.

ಪೆರ್ಲದಣ್ಣ
ಹಾಗಾದ್ರೆ ಮಲಯಾಳದಿಂದ ಕಾಪಿ ಹೊಡೆದದ್ದು ಅಂತ ಆಯ್ತಲ್ಲ 😅

ರಿಟೈರ್ಡ್ ಮಾಷ್ಟ್ರು
ಕಾಪಿ ಅಂದ್ರೆ ಎಲ್ಲರದ್ದೂ ಕಾಪಿಯೇ. ಪಂಪ ವ್ಯಾಸಭಾರತ ತಗೊಂಡು ಅರಿಕೇಸರಿಯನ್ನು ಅರ್ಜುನ ಮಾಡಿದ, ದ್ರೌಪದಿಗೆ ಅರ್ಜುನನೊಬ್ಬನೇ ಗಂಡ ಅಂತ ಮಾಡಿದ, ಕಡೆಗೆ ಪಟ್ಟಾಭಿಷೇಕವನ್ನೂ ಧರ್ಮರಾಯನಿಗೆ ಕೊಡದೆ ಅರ್ಜುನ ಸುಭದ್ರೆಗೆ ಕೊಟ್ಟ. ಮಹಾಕಾವ್ಯ ಅಂದ್ರೆ ಗೊತ್ತಿದ್ದ ಕಥೆಯನ್ನೇ ಹೊಸದಾಗಿ ಹೇಳುವುದು. ಕುಮಾರವ್ಯಾಸ ಹೇಳಿದ್ದಾನಲ್ಲ, ರಾಮಾಯಣ ಬರೆದವರ ಭಾರಕ್ಕೆ ಫಣಿರಾಯನೇ ತಿಣುಕಿದ, ಕಾಲಿಡಲು ತೆರಪಿಲ್ಲ ಅಂತ. ಅವ ಹೇಳಿ ಇಷ್ಟು ನೂರು ವರ್ಷ ಆಯ್ತು, ಆಮೇಲೂ ತೊರವೆಯವ ಬರೆದ, ನಮ್ಮ ಸುಬ್ಬ ಬರೆದ, ಕುವೆಂಪು ಬರೆದ್ರು. ಪಾಪ ಆದಿಶೇಷ.

ಹೊಸಂಗಡಿ ಹುಡುಗ
ಪಂಪ ಭಾರತ ಮುಗಿಸಿದ್ದು ಆರು ತಿಂಗಳಲ್ಲಿ, ಆದಿಪುರಾಣ ಮೂರು ತಿಂಗಳಲ್ಲಿ ಅಂತ ಓದಿದ ನೆನಪು. ನಮ್ಮ ಮನೆ ಕಂಪೌಂಡು ಕಟ್ಲಿಕ್ಕೆ ಶುರು ಮಾಡಿ ಎರಡು ವರ್ಷ

ರಿಟೈರ್ಡ್ ಮಾಷ್ಟ್ರು
ಹೌದು, ಅವನೇ ಹೇಳಿಕೊಂಡದ್ದು. ಕುವೆಂಪು ರಾಮಾಯಣ ದರ್ಶನಂ 1936ಕ್ಕೆ ಶುರು ಮಾಡಿ ಹತ್ತು ವರ್ಷ ತಗೊಂಡ್ರು. ನಿನ್ನ ಮೇಸ್ತ್ರಿ ಕುವೆಂಪು ಪಂಥದವ ಇರಬೇಕು.

ಗಮಕದಕ್ಕ
ಎಲ್ಲರೂ ವಿದ್ವಾಂಸರ ಹೆಸರು ಹೇಳ್ತಿದ್ದೀರಿ, ನಾನು ಓದುವವಳು, ನನ್ನ ಅನುಭವ ಹೇಳ್ತೇನೆ. ಕುಮಾರವ್ಯಾಸನ ಸಂಧಿ ಸಂಧಿಗೆ ಬರುವ "ಕೇಳು ಜನಮೇಜಯ ಧರಿತ್ರೀಪಾಲ" ಉಂಟಲ್ಲ, ಬಾಯಲ್ಲಿ ಹೇಳಿ ಬೆರಳಲ್ಲಿ ಎಣಿಸಿ ನೋಡಿ. ಕೇಳು ಮೂರು, ಜನಮೇ ನಾಲ್ಕು, ಜಯಧ ಮೂರು, ರಿತ್ರೀ ನಾಲ್ಕು. ಹದಿನಾಲ್ಕು ಮಾತ್ರೆ ಆಯ್ತು, ಭಾಮಿನಿಯ ಒಂದು ಸಾಲು ಮುಗೀತು. ಆದರೆ ಶಬ್ದ ಮುಗೀಲಿಲ್ಲ! "ಪಾಲ" ಮುಂದಿನ ಸಾಲಿಗೆ ಬಿತ್ತು. ಸಾಲು ಮುಗಿದ ಕೂಡ್ಲೆ ಉಸಿರು ತೆಗೆಯುವ ಅಂದ್ರೆ ಆಗುದಿಲ್ಲ, ಶಬ್ದ ಕೈ ಹಿಡಿದು ಮುಂದಕ್ಕೆ ಎಳೀತದೆ. ಮೂರನೇ ಸಾಲು ಮತ್ತೆ ಆರನೇ ಸಾಲು ಉದ್ದ, ಇಪ್ಪತ್ತಮೂರು ಮಾತ್ರೆ, ಕೊನೆಗೆ ಒಂದು ಗುರು. ಅಲ್ಲಿ ಮಾತ್ರ ನಿಲ್ಲಲಿಕ್ಕೆ ಜಾಗ. ನನಗೆ ಗಮಕ ಹೇಳಿಕೊಟ್ಟವರು "ಅದು ಚಾವಡಿಯ ಜಗಲಿ, ಅಲ್ಲಿ ಕೂತ್ಕೋ, ಮೆಟ್ಲಲ್ಲಿ ಕೂರಬೇಡ" ಅಂತಿದ್ರು. ಪುಸ್ತಕ ಮನಸ್ಸಲ್ಲೇ ಓದುವವರಿಗೆ ಇದು ಕಾಣುದೇ ಇಲ್ಲ. ಕುಮಾರವ್ಯಾಸನೂ ಹಾಡ್ಲಿಕ್ಕೆ ಬರೆದವ, ಸುಬ್ಬನೂ ಹಾಡ್ಲಿಕ್ಕೆ ಬರೆದವ. ಒಬ್ಬನದ್ದು ಮಹಾಕಾವ್ಯ, ಇನ್ನೊಬ್ಬನದ್ದು ಆಟದ ಪದ್ಯ ಅಂದ್ರೆ ಎಂತ ಲೆಕ್ಕ?

ಛಂದಸ್ಸಿನ ಹುಚ್ಚ
ಅಕ್ಕಾ, ಜಗಲಿಯ ಮಾತು ಎತ್ತಿಟ್ಟುಕೊಂಡೆ. ಆ "ಕೇಳು ಜನಮೇಜಯ" ಮತ್ತೆ ಮತ್ತೆ ಬರುವುದಕ್ಕೂ ಒಂದು ಕಥೆ ಉಂಟು. ಮಿಲ್ಮನ್ ಪ್ಯಾರಿ ಅಂತ ಒಬ್ಬ ಅಮೆರಿಕದವ, ಹೋಮರನ ಕಾವ್ಯದಲ್ಲಿ ಒಂದೇ ತರದ ವಿಶೇಷಣ, ಒಂದೇ ತರದ ಅರ್ಧ ಸಾಲು ತಿರುಗಿ ತಿರುಗಿ ಯಾಕೆ ಬರ್ತದೆ ಅಂತ ತಲೆ ಕೆಡಿಸಿಕೊಂಡ. 1930ರ ದಶಕದಲ್ಲಿ ಯುಗೊಸ್ಲಾವಿಯಾಕ್ಕೆ ಹೋಗಿ, ಓದುಬರಹ ಇಲ್ಲದ ಹಾಡುಗಾರರನ್ನು ಕೂರಿಸಿ ರೆಕಾರ್ಡ್ ಮಾಡಿದ. ಅಲ್ಲಿ ಅವ್ದೊ ಮೆಜೆದೊವಿಚ್ ಅಂತ ಒಬ್ಬ 12 ಸಾವಿರಕ್ಕೂ ಹೆಚ್ಚು ಸಾಲಿನ ಒಂದೇ ಕಥೆ ಹಾಡಿದ. ಇವರು ಬಾಯಿಪಾಠ ಹೇಳುದಲ್ಲ, ಸಿದ್ಧ ಇರುವ ನುಡಿಕಟ್ಟುಗಳನ್ನು ಜೋಡಿಸ್ತಾ ಅಲ್ಲೇ ಕಟ್ಟಿಕೊಂಡು ಹೋಗುದು ಅಂತ ಪ್ಯಾರಿಗೆ ಗೊತ್ತಾಯ್ತು. ಅವನ ಶಿಷ್ಯ ಆಲ್ಬರ್ಟ್ ಲಾರ್ಡ್ 1960ರಲ್ಲಿ ಅದನ್ನೆಲ್ಲ ಪುಸ್ತಕ ಮಾಡಿದ. ಅಲ್ಲಿಂದ ಮೇಲೆ ಮಹಾಕಾವ್ಯ ಅಂದ್ರೆ ಬರೆದದ್ದೇ ಆಗಬೇಕು ಅಂತ ಹೇಳುವವರ ಬಾಯಿ ಮುಚ್ಚಿತು.

ಕುಮಾರವ್ಯಾಸ ಅಂಥ ಮೌಖಿಕ ಕವಿ ಅಂತ ನಾನು ಹೇಳುದಲ್ಲ, ಅವ ಬರೆದವನೇ, ಹಲಗೆ ಬಳಪ ಹಿಡಿಯಲಿಲ್ಲ ಅಂತ ಜಂಬ ಕೊಚ್ಚಿದವ. ಆದರೆ ಕಿವಿ ಆ ಕಡೆಯದ್ದೇ.

ಓಬೇಲೆ
ಯುಗೊಸ್ಲಾವಿಯಾ ಯಾಕೆ, ಉಜಿರೆ ಸಾಕು. ಮಾಚಾರಿನ ಗೋಪಾಲ ನಾಯ್ಕರು ಹಾಡಿದ ಸಿರಿ ಪಾಡ್ದನ, ತುಳುವಿನ ಹಾಡುಗಥೆ. 1990ರಲ್ಲಿ ಫಿನ್ಲೆಂಡಿನ ಲೌರಿ ಹೊಂಕೊ, ವಿವೇಕ ರೈ, ಚಿನ್ನಪ್ಪ ಗೌಡ್ರು ಎಲ್ಲ ಸೇರಿ ದಿನಗಟ್ಟಲೆ ಕೂತು ರೆಕಾರ್ಡ್ ಮಾಡಿದ್ದು. 1998ರಲ್ಲಿ ಅಚ್ಚಾಯ್ತು, 15,683 ಸಾಲು. ಇಲಿಯಡ್ ಎಷ್ಟು ಗೊತ್ತುಂಟಾ? 15,693. ಹತ್ತು ಸಾಲು ಕಮ್ಮಿ! ಅದೂ ಒಬ್ಬರ ಬಾಯಿಂದ, ತುಳುವಿನಲ್ಲಿ.

ಮತ್ತೆ ಉದಾತ್ತ ನಾಯಕ ಅಂದ್ರಲ್ಲ ಮಾಷ್ಟ್ರು, ಇಲ್ಲಿ ನಾಯಕಿ. ಗಂಡ ಕಾಂತು ಪೂಂಜನನ್ನು ಬಿಟ್ಟು ಎದ್ದು ಬಂದವಳು ಸಿರಿ, ಕದ್ದು ಓಡಿ ಬಂದದ್ದಲ್ಲ, ಬರ್ನೆ, ಅಂದ್ರೆ ವಿಚ್ಛೇದನ, ಕೊಟ್ಟು ಬಂದದ್ದು. ಅವಳ ಮಗಳು ಸೊನ್ನೆ, ಸೊನ್ನೆಯ ಮಕ್ಕಳು ಅಬ್ಬಗ ದಾರಗ ಚೆನ್ನೆಮಣೆ ಆಡ್ತಾ ಜಗಳ ಆಗಿ ಸಾಯ್ತಾರೆ. ಹದಿನೆಂಟು ವರ್ಣನೆಯಲ್ಲಿ ಚೆನ್ನೆಮಣೆ ಉಂಟಾ?

ಪೆರ್ಲದಣ್ಣ
ಬಿಸಾಡಿದ್ರಲ್ಲ ಕಲ್ಲು! ಆದರೆ ಇದು ಕನ್ನಡದ ಮಹಾಕಾವ್ಯದ ಚರ್ಚೆ, ತುಳು ಬೇರೆ.

ಓಬೇಲೆ
ಬೇರೆ ಅಂದ್ರೆ? ನಮ್ಮ ಅಮ್ಮ ನೇಜಿ ನೆಡುವಾಗ ಪಾಡ್ದನ ಹೇಳಿ ಸಂಜೆ ಮನೆಗೆ ಬಂದು ದೇವರೆದುರು ಕನ್ನಡ ಭಜನೆ ಹೇಳಿದವರು. ಅವರ ನಾಲಗೆಯಲ್ಲಿ ಗಡಿಕಲ್ಲು ಹಾಕಿದ್ದು ಯಾರು? ಪುಂಡೂರಿನ ವೆಂಕಟರಾಜ ಪುಣಿಂಚತ್ತಾಯರು ತಾಳೆಗರಿ ಹುಡುಕಿ ಹುಡುಕಿ ತುಳುವಿನ ಶ್ರೀ ಭಾಗವತೊ, ಕಾವೇರಿ ಎಲ್ಲ ಬೆಳಕಿಗೆ ತರದೆ ಇದ್ದಿದ್ರೆ ತುಳುವಿನಲ್ಲಿ ಬರೆದ ಕಾವ್ಯವೇ ಇಲ್ಲ ಅಂತ ಇವತ್ತಿಗೂ ಹೇಳ್ತಿದ್ರು. ಇಲ್ಲ ಅಂತ ಹೇಳುದು ಸುಲಭ, ಹುಡುಕುದು ಕಷ್ಟ.

ಆದೂರು ಬಸ್ಸು
ಪುಣಿಂಚತ್ತಾಯರ ಹೆಸರು ತೆಗೆದದ್ದಕ್ಕೆ ಥ್ಯಾಂಕ್ಸ್. ಆ ಗರಿಗಳ ಲಿಪಿ ನೋಡಿದ್ರೆ ಮಲಯಾಳ ಬರುವವರಿಗೆ ಅರ್ಧ ಗುರ್ತ ಸಿಕ್ತದೆ, ಭಾಷೆ ತುಳು, ಓದಿ ಸಂಪಾದಿಸಿದವರು ಬರೆದದ್ದು ಕನ್ನಡದಲ್ಲಿ. ನಮ್ಮೂರು ಅಂದ್ರೆ ಇದು.

ಮಂಜೇಶ್ವರದವ (ಈಗ ಬೆಂಗ್ಳೂರು)
ಗೋವಿಂದ ಪೈಗಳನ್ನು ಯಾರೂ ನೆನಪು ಮಾಡ್ಲಿಲ್ಲ, ಊರಿನವನಾಗಿ ನಾನೇ ಮಾಡಬೇಕು. 1911ಕ್ಕೇ ದ್ವಿತೀಯಾಕ್ಷರ ಪ್ರಾಸ ಬಿಟ್ಟವರು, ಆ ಕಾಲಕ್ಕೆ ಅದು ಸಣ್ಣ ಧೈರ್ಯ ಅಲ್ಲ, ಪ್ರಾಸ ಇಲ್ಲದ್ದು ಪದ್ಯವೇ ಅಲ್ಲ ಅಂತ ಬೈಯುವ ಜನ ಇದ್ದ ಕಾಲ. ಆಮೇಲೆ ಗೊಲ್ಗೊಥಾದಲ್ಲಿ ಯೇಸುವಿನ ಕೊನೇ ದಿನ, ವೈಶಾಖಿಯಲ್ಲಿ ಬುದ್ಧನ ಕೊನೇ ದಿನ. ಎರಡೂ ಖಂಡಕಾವ್ಯ, ಮಹಾಕಾವ್ಯ ಅಲ್ಲ. ಆದರೆ ನಡೆ ನೋಡಿ, ಉದ್ದ ಉಸಿರು, ಗಂಭೀರ. ನನಗಂತೂ ಇಡೀ ಜನ್ಮ ಹೇಳದೆ ಒಂದೇ ದಿನ ಹಿಡ್ಕೊಂಡದ್ದೇ ಅವರ ಜಾಣತನ ಅಂತ ಕಾಣ್ತದೆ. ಈ ಕಾಲದಲ್ಲಿ ಇಡೀ ಮಹಾಕಾವ್ಯ ಬರೆದವರದ್ದು ಎಷ್ಟು ಜನ ಪೂರ್ತಿ ಓದಿದ್ದಾರೆ? ಗೋಕಾಕರ ಭಾರತ ಸಿಂಧುರಶ್ಮಿ ಯಾರಾದ್ರೂ ಕೊನೇ ಪುಟದವರೆಗೆ ಓದಿದವರು ಇದ್ರೆ ಹೇಳಿ, ಮಧೂರು ದೇವಸ್ಥಾನದ ಅಪ್ಪ ಪ್ರಸಾದ ನಾನು ಕೊಡಿಸ್ತೇನೆ.

ಹೊಸಂಗಡಿ ಹುಡುಗ
ಅಪ್ಪಕ್ಕೋಸ್ಕರ ಸುಳ್ಳು ಹೇಳ್ಬಹುದಾ

ರಿಟೈರ್ಡ್ ಮಾಷ್ಟ್ರು
ನಾನು ಅರ್ಧ ಓದಿದ್ದೇನೆ, ಅರ್ಧ ಅಪ್ಪ ಕೊಡಿ. ರಾಮಾಯಣ ದರ್ಶನಂ ಮಾತ್ರ ಮೂರು ಸಲ ಆಗಿದೆ. ಮೊದಲ ಸಲ ಪರೀಕ್ಷೆಗೆ, ಎರಡನೇ ಸಲ ಪಾಠಕ್ಕೆ. ಮೂರನೇ ಸಲ, ಮನೆಯವಳು ಹೋದ ವರ್ಷ, ಯಾವುದಕ್ಕೂ ಅಲ್ಲದೆ.

ಗಮಕದಕ್ಕ
🙏 ಮಾಷ್ಟ್ರೆ

ಕಾಞಂಗಾಡ್ ಗಾಡಿ
ಎಲ್ಲರೂ ಇರುವಾಗ ಒಂದು ಬೇರೆ ವಿಷಯ. ನೀರ್ಚಾಲಣ್ಣ ಆಟಿಯ ತೊರವೆ ಓದಿನ ಮಾತು ಹೇಳಿದ್ರಲ್ಲ, ನಮ್ಮ ಕಡೆ ಈಗ ಕರ್ಕಟಕ (ಆಟಿಗೆ ಮಲಯಾಳದ ಹೆಸರು) ಬಂತು ಅಂದ್ರೆ ಬೆಳಿಗ್ಗೆ ಮೈಕಿನಲ್ಲಿ ಎಳುತ್ತಚ್ಛನ್ನರ ಅಧ್ಯಾತ್ಮ ರಾಮಾಯಣ. ಮೊದಮೊದಲು ನನಗೆ ಹೊಟ್ಟೆ ಉರೀತಿತ್ತು, ಸುಳ್ಳು ಹೇಳುದಿಲ್ಲ. ಒಂದು ವರ್ಷ ಮಳೆಗೆ ಹೊರಗೆ ಹೋಗ್ಲಿಕ್ಕಾಗದೆ ಜಗಲಿಯಲ್ಲಿ ಕೂತು ಪೂರ್ತಿ ಕೇಳಿದೆ. ಗಿಳಿ ಕಥೆ ಹೇಳುದಂತೆ, ಅದಕ್ಕೇ ಕಿಳಿಪ್ಪಾಟ್ಟ್. ಒಳ್ಳೆ ಓಟ ಉಂಟು ಅದಕ್ಕೆ. ಮಲಯಾಳದವರು ಅದನ್ನು ಕಾವ್ಯವಾ ಅಲ್ವಾ ಅಂತ ಜಗಳ ಮಾಡುದಿಲ್ಲ, ಮನೆ ಮನೆಯಲ್ಲಿ ಓದ್ತಾರೆ. ನಾವು ಇಲ್ಲಿ ಲಕ್ಷಣ ಹುಡುಕ್ತಾ ಇದ್ದೇವೆ, ತೊರವೆ ಪುಸ್ತಕ ಅಟ್ಟದಲ್ಲಿ ಒರಳೆ ತಿಂತಾ ಉಂಟು.

ಪೆರ್ಲದಣ್ಣ
ಅಲ್ಲಿ ಗಿಳಿ, ನಮ್ಮ ಗೋವಿಂದ ಪೈಗಳ ಕವನ ಸಂಕಲನ ಗಿಳಿವಿಂಡು. ಗುಂಪು ನಮ್ಮದೇ ದೊಡ್ಡದು 😄

ಆದರೆ ಮಾತು ಸರಿ. ಹಿಂದೆ ಮಂಗಳೂರಿನಲ್ಲಿ ಮೋಗ್ಲಿಂಗ್ ಪಾದ್ರಿ ಕನ್ನಡ ಕಾವ್ಯಮಾಲೆ ಅಚ್ಚು ಹಾಕುವಾಗ ಜೈಮಿನಿ, ತೊರವೆ ಎಲ್ಲ ಹಾಕಿದ, 1850ರ ಆಚೀಚೆ. ಜರ್ಮನಿಯಿಂದ ಬಂದವನಿಗೆ ಜನ ಎಂತ ಓದ್ತಾರೆ ಅಂತ ಗೊತ್ತಿತ್ತು.

ಬಳ್ಳಾರಿ ಬಿಸಿಲು
ನಮ್ ಕಡೆ ಮಳೆ ಬರ್ಲಿ ಅಂತ ವಿರಾಟಪರ್ವ ಓದಿಸ್ತಾರ. ನಿಮ್ ಕಡೆ ಓದಿಸ್ತಾರೇನ್ರಿ?

ಆದೂರು ಬಸ್ಸು
ನಮ್ಮಲ್ಲಿ ಓದಿಸಿದ್ರೆ ಊರೇ ಅರಬ್ಬಿ ಸಮುದ್ರಕ್ಕೆ ಹೋದೀತು. ನಮಗೆ ಮಳೆ ನಿಲ್ಲಿಸುವ ಪರ್ವ ಇದ್ರೆ ಕಳಿಸಿ, ಅಡಿಕೆಗೆ ಕೊಳೆರೋಗ ಬಂದು ಮಂಡೆಬಿಸಿ ಆಗಿದೆ.

ಓಬೇಲೆ
ಬಳ್ಳಾರಿಯಣ್ಣ, ನಿಮ್ಮ ಆಚೆ ತಂಬೂರಿ ದಾಸಯ್ಯಗಳು ಹಾಡುವ ಒಂದು ರಾಮಾಯಣ ಉಂಟಲ್ಲ, ಮಾವಿನ ಹಣ್ಣು ತಿಂದು ರಾವಣನೇ ಬಸುರಿ ಆಗ್ತಾನೆ, ಸೀನಿದಾಗ ಮೂಗಿಂದ ಸೀತೆ ಹುಟ್ತಾಳೆ, ಸೀನಿದ್ದಕ್ಕೆ ಸೀತೆ! ಎ.ಕೆ. ರಾಮಾನುಜನ್ ಆ ಕಥೆ ಹೇಳಿಯೇ ಪ್ರಪಂಚಕ್ಕೆ ಗೊತ್ತಾದದ್ದು. ರಾವಣ ಅಪ್ಪ ಅಲ್ಲ, ಹೆತ್ತವನೇ. ಇಷ್ಟು ದೊಡ್ಡ ಕಲ್ಪನೆ ಯಾವ ಆಸ್ಥಾನ ಕವಿಗೆ ಬಂತು ಹೇಳಿ.

ಬಳ್ಳಾರಿ ಬಿಸಿಲು
ಅದು ಮೈಸೂರು ಕಡೇದ್ರಿ. ಆದ್ರ ಕಥಿ ಭಾರಿ ಐತಿ.

ಛಂದಸ್ಸಿನ ಹುಚ್ಚ
ನಾನು ಮೊದಲು ಹೇಳಿದ್ದರಲ್ಲಿ ಅರ್ಧ ವಾಪಸ್ ತಗೊಳ್ತೇನೆ. ಕಾವ್ಯ ತನ್ನಷ್ಟಕ್ಕೆ ನಿಲ್ಲಬೇಕು ಅಂದೆ. ಅಕ್ಕ ಹೇಳಿದ ಮೇಲೆ ಯೋಚನೆ ಮಾಡಿದ್ರೆ ಕುಮಾರವ್ಯಾಸನೂ ತನ್ನಷ್ಟಕ್ಕೆ ನಿಂತವ ಅಲ್ಲ, ಗಮಕಿ ಬೇಕಿತ್ತು, ಅರ್ಥ ಹೇಳುವವ ಬೇಕಿತ್ತು. ಆದರೆ ಇನ್ನರ್ಧ ಬಿಡುದಿಲ್ಲ. ಸುಬ್ಬನ ಪ್ರಸಂಗಗಳು ಬಿಡಿ ಬಿಡಿ, ಒಂದೊಂದು ರಾತ್ರಿಗೆ ಒಂದೊಂದು. ಎಲ್ಲ ಸೇರಿಸಿದ್ರೆ ಒಂದು ಕಾವ್ಯ ಆಗ್ತದಾ, ಹತ್ತು ನಾಟಕ ಆಗ್ತದಾ? ಅದನ್ನು ಯಾರಾದ್ರೂ ಕೂತು ಓದಿ ಹೇಳಬೇಕು.

ನೀರ್ಚಾಲು ತೋಟ
ಎಲ್ಲರಿಗೂ ದೊಡ್ಡ ನಮಸ್ಕಾರ, ಇಷ್ಟು ಬರ್ತದೆ ಅಂತ ಎಣಿಸಿರಲಿಲ್ಲ. ಎಲ್ಲವನ್ನೂ ಮಗಳಿಗೆ ಓದಿ ಹೇಳಿದೆ. ದಂಡಿಯ ಮಾತು ಬರ್ಕೊಂಡಿದ್ದಾಳೆ, ಸೋಮವಾರ ಹೋಗಿ ಕೇಳ್ತಾಳಂತೆ. ಬೇಡ ಸುಮ್ನೆ ಇರು ಅಂದೆ, ಕೇಳುವ ಜಾತಿ ಅಲ್ಲ.

ಛಂದಸ್ಸಣ್ಣನ ಪ್ರಶ್ನೆಯನ್ನು ಅಮ್ಮನ ಹತ್ರ ಕೇಳಿದೆ, ಬಿಡಿ ಬಿಡಿಯಾ ಒಂದೆಯಾ ಅಂತ. ಅವರು ತೊರವೆ ಓದ್ತಾ ಇದ್ರು, ಸೀತಾಪಹಾರ ಬಂದಿತ್ತು. ನಮ್ಮಲ್ಲಿ ಸಂಕಟದ ಜಾಗದಲ್ಲಿ ಪುಸ್ತಕ ಮಡಚುವ ಕ್ರಮ ಇಲ್ಲ, ಆಚೆ ದಾಟಿಸಿಯೇ ನಿಲ್ಲಿಸಬೇಕು. ಆದರೆ ಕನ್ನಡಕದ ಕಾಲು ಮುರಿದಿತ್ತು, ನೂಲು ಕಟ್ಟಿದ್ದೂ ಬಿಚ್ಚಿಹೋಗಿ ಅಕ್ಷರ ಕಾಣುದಿಲ್ಲ ಅಂದ್ರು. ಏನು ಮಾಡಿದ್ರು ಗೊತ್ತುಂಟಾ? ಪುಸ್ತಕ ತೆರೆದೇ ಇಟ್ಟು, ಬಾಯಿಪಾಠ ಇದ್ದ ಪಂಚವಟಿಯ ಪದ್ಯ ಹೇಳಿಕೊಂಡು ಜಟಾಯುವನ್ನು ದಾಟಿಸಿ ನಿಲ್ಲಿಸಿದ್ರು. ಆಮೇಲೆ ನನ್ನ ಕಡೆ ತಿರುಗಿ "ನೀನು ಎಂತ ಕೇಳಿದ್ದು?" ಅಂದ್ರು. ನಾನು ಎಂತ ಇಲ್ಲ ಅಂದೆ.

ಗಮಕದಕ್ಕ
ಅಮ್ಮನದ್ದು ರೆಕಾರ್ಡ್ ಮಾಡಿ ಇಡಿ ಅಣ್ಣ, ನಾಳೆ ನಾಳೆ ಅನ್ನಬೇಡಿ.

ನೀರ್ಚಾಲು ತೋಟ
ಫೋನು ಎದುರಿಟ್ರೆ ಸ್ವರ ಬದಲಾಗ್ತದೆ ಅವರದ್ದು, ಮೆಲ್ಲ ಕಂಬದ ಹಿಂದೆ ಇಟ್ಟು ನೋಡ್ಬೇಕು. ಮತ್ತೊಂದು, ಬರುವ ಆದಿತ್ಯವಾರ ಮಧ್ಯಾಹ್ನ ಎರಡಕ್ಕೆ ನಮ್ಮ ಚಾವಡಿಯಲ್ಲಿ ಸಣ್ಣ ತಾಳಮದ್ದಳೆ ಕೂಟ (ವೇಷ ಇಲ್ಲದೆ ಕೂತು ಹೇಳುವುದು) ಇಟ್ಟಿದ್ದೇವೆ, ಪ್ರಸಂಗ ಅಂಗದ ಸಂಧಾನ. ಅರ್ಥಕ್ಕೆ ಜನ ಇದ್ದಾರೆ, ಮದ್ದಳೆಯವರು ಕೈ ಕೊಟ್ಟಿದ್ದಾರೆ. ಹತ್ತಿರದವರು ಯಾರಾದ್ರೂ?

ಕುಂಬ್ಳೆ ಕೋಟೆ
ಪ್ರಹಸ್ತ ಯಾರು? ಛಂದಸ್ಸಣ್ಣನಿಗೇ ಕೊಡಿ, ಅರ್ಧ ವಾಪಸ್ ತಗೊಳ್ಳುವ ಅಭ್ಯಾಸ ಉಂಟು ಅವರಿಗೆ.

ಆದೂರು ಬಸ್ಸು
ಮದ್ದಳೆ ನನ್ನ ಹತ್ರ ಉಂಟು, ಬರ್ತೇನೆ. ಈ ತಂಡಿಗೆ ಚರ್ಮ ಸಡಿಲ ಆಗಿ ಶ್ರುತಿ ಇಳಿದ್ರೆ ನನಗೆ ಬೈಬೇಡಿ, ಒಲೆ ಬದಿಯಲ್ಲಿ ಸ್ವಲ್ಪ ಜಾಗ ಇಟ್ಟಿರಿ.